ಮೂರು ವರ್ಷ, ಆರು ಪಾತ್ರ, ಒಂದು ಮುಖ: ಮೆಕ್ಸಿಕೊದ ಪೋಷಕ ನಟ ಮಿಗೆಲ್ ಇಂಕ್ಲಾನ್

1948ರಲ್ಲಿ ತೆರೆಕಂಡ ‘ನೊಸೊತ್ರೊಸ್ ಲೊಸ್ ಪೊಬ್ರೆಸ್’ ಚಿತ್ರದಲ್ಲಿ ಒಬ್ಬ ಮುದುಕಿ ಇದ್ದಾಳೆ. ಪಾರ್ಶ್ವವಾಯು ಬಡಿದು ಕೈಕಾಲು ಬಿದ್ದುಹೋಗಿವೆ, ಮಾತು ನಿಂತಿದೆ. ಕುರ್ಚಿಯಲ್ಲಿ ಕುಳಿತ ಆ ದೇಹದಲ್ಲಿ ಕಣ್ಣುಗಳು ಮಾತ್ರ ಬದುಕಿವೆ. ವಠಾರದ ಬಡಗಿ ಪೆಪೆಯ ತಾಯಿ ಆಕೆ. ಅದೇ ವಠಾರದಲ್ಲಿರುವ ದೋನ್ ಪಿಲಾರ್ ಎಂಬ ಗಾಂಜಾ ವ್ಯಸನಿ ಪೆಪೆಯ ಮನೆಗೆ ನುಗ್ಗಿ ಬಚ್ಚಿಟ್ಟ ಹಣವನ್ನು ಕದಿಯುವಾಗ ಮುದುಕಿಯ ಕಣ್ಣುಗಳು ಅವನನ್ನು ನೋಡುತ್ತವೆ. ಆಕೆ ಯಾರಿಗೂ ಹೇಳಲಾರಳು, ಬೆರಳು ಎತ್ತಿ ತೋರಿಸಲಾರಳು; ಅದು ಅವನಿಗೂ ಗೊತ್ತು. ಆದರೂ ಆ ನೋಟ ಅವನನ್ನು ಬಿಡುವುದಿಲ್ಲ. ಕಡೆಗೆ ನಶೆಯಲ್ಲಿ, ಆ ನೋಟವನ್ನು ತಾಳಲಾರದೆ, ಅಲುಗಾಡಲಾರದ ಮುದುಕಿಯನ್ನು ಅವನು ಹೊಡೆಯುತ್ತಾನೆ. ಮೆಕ್ಸಿಕೊದ ಪ್ರೇಕ್ಷಕರು ತಲೆಮಾರುಗಳಿಂದ ಮರೆಯದ ದೃಶ್ಯಗಳಲ್ಲಿ ಇದೂ ಒಂದು. ಚಿತ್ರದ ನಾಯಕ ಪೆದ್ರೊ ಇನ್ಫಾಂತೆ ಇಂದಿಗೂ ಆ ದೇಶದ ಆರಾಧ್ಯ ನಟ. ದೋನ್ ಪಿಲಾರ್ ಆಗಿ ನಟಿಸಿದವರು ಮಿಗೆಲ್ ಇಂಕ್ಲಾನ್.

ಈ ಬರಹ ಆ ಪೋಷಕ ನಟನನ್ನು ಕುರಿತದ್ದು. ಅವರ ಇಡೀ ವೃತ್ತಿಜೀವನವನ್ನು ವರ್ಷವಾರು ಒಪ್ಪಿಸುವುದು ಇಲ್ಲಿನ ಉದ್ದೇಶವಲ್ಲ. 1948ರಿಂದ 1950ರವರೆಗಿನ ಮೂರು ವರ್ಷಗಳಲ್ಲಿ ತೆರೆಗೆ ಬಂದ ಅವರ ಆರು ಪಾತ್ರಗಳನ್ನು ಒಟ್ಟಿಗೆ ಇಟ್ಟು ನೋಡಿ, ಕೇಡಿಗನ ಮುಖವೆಂದು ಉದ್ಯಮ ಮುದ್ರೆಯೊತ್ತಿದ ಒಂದು ಮುಖದಿಂದ ಏನೇನು ಸಾಧ್ಯವಾಯಿತು ಎಂಬುದನ್ನು ಪರಿಶೀಲಿಸುವುದಷ್ಟೇ ನನ್ನ ಕೆಲಸ. ಸ್ಪ್ಯಾನಿಷ್ ಭಾಷೆ ಇಂಥ ನಟನನ್ನು ‘ಆಕ್ತೋರ್ ದೆ ರೆಪಾರ್ತೊ’ ಎನ್ನುತ್ತದೆ, ಅಂದರೆ ಪಾತ್ರ ಹಂಚಿಕೆಯಲ್ಲಿ ಪಾಲು ಪಡೆದವನು. ಕನ್ನಡದ ‘ಪೋಷಕ ನಟ’ ಎಂಬ ಮಾತು ಅದಕ್ಕಿಂತ ಉದಾರವಾದದ್ದು. ಚಿತ್ರವನ್ನು ಪೋಷಿಸುವವನು, ಅದಕ್ಕೆ ಅನ್ನ ಹಾಕುವವನು ಎಂಬ ಅರ್ಥ ಅದರಲ್ಲಿದೆ. ಇಂಕ್ಲಾನ್ ಅವರ ವಿಷಯದಲ್ಲಿ ಕನ್ನಡದ ಮಾತೇ ಹೆಚ್ಚು ಸರಿ ಎಂದು ನನಗೆ ಅನ್ನಿಸುತ್ತದೆ.

ಮೊದಲು ಅವರು ದುಡಿದ ಉದ್ಯಮದ ಬಗ್ಗೆ ಕೆಲವು ಮಾತುಗಳು ಅಗತ್ಯ. ಎರಡನೆಯ ಮಹಾಯುದ್ಧದಲ್ಲಿ ಮೆಕ್ಸಿಕೊ 1942ರಲ್ಲಿ ಮಿತ್ರರಾಷ್ಟ್ರಗಳ ಪಕ್ಷ ಸೇರಿತು. ಅಮೆರಿಕವು ತನ್ನ ಕಚ್ಚಾ ಫಿಲ್ಮನ್ನು ಮೆಕ್ಸಿಕೊಗೆ ಧಾರಾಳವಾಗಿ ಕೊಟ್ಟು, ತಟಸ್ಥವಾಗಿದ್ದ ಅರ್ಜೆಂಟೀನಾಕ್ಕೆ ಬಿಗಿಹಿಡಿಯಿತು. ಅದುವರೆಗೆ ಸ್ಪ್ಯಾನಿಷ್ ಭಾಷೆಯ ಚಿತ್ರಮಾರುಕಟ್ಟೆಯಲ್ಲಿ ಮೆಕ್ಸಿಕೊಗೆ ಸರಿಸಾಟಿಯಾಗಿದ್ದ ಅರ್ಜೆಂಟೀನಾ ಹಿಂದೆ ಬಿತ್ತು. ಅದೇ 1942ರಲ್ಲಿ ಚಿತ್ರೋದ್ಯಮಕ್ಕೆ ಸಾಲ ಕೊಡುವ ಬ್ಯಾಂಕೊಂದು ಮೆಕ್ಸಿಕೊದಲ್ಲಿ ಸ್ಥಾಪನೆಯಾಯಿತು. 1945ರಲ್ಲಿ ಚುರುಬುಸ್ಕೊ ಸ್ಟುಡಿಯೊ ಬಾಗಿಲು ತೆರೆಯಿತು. 1950ರ ಹೊತ್ತಿಗೆ ಆ ದೇಶ ವರ್ಷಕ್ಕೆ ನೂರಕ್ಕೂ ಹೆಚ್ಚು ಚಿತ್ರಗಳನ್ನು ತಯಾರಿಸುತ್ತಿತ್ತು. ಇಷ್ಟು ಚಿತ್ರಗಳನ್ನು ಕೆಲವೇ ವಾರಗಳ ಚಿತ್ರೀಕರಣದಲ್ಲಿ ಮುಗಿಸಬೇಕಾದಾಗ ನಿರ್ಮಾಪಕನಿಗೂ ಪ್ರೇಕ್ಷಕನಿಗೂ ಪರಿಚಯದ ಮುಖಗಳು ಬೇಕಾಗುತ್ತವೆ. ಅಜ್ಜಿಯೆಂದರೆ ಸಾರಾ ಗಾರ್ಸಿಯಾ, ದರ್ಪದ ಅಧಿಕಾರಿಯೆಂದರೆ ಕಾರ್ಲೊಸ್ ಲೋಪೆಸ್ ಮೊಕ್ತೆಸುಮಾ ಎಂದು ಜನ ಟಿಕೆಟ್ ಕೊಳ್ಳುವ ಮೊದಲೇ ತಿಳಿದಿರುತ್ತಿದ್ದರು. ಪಾತ್ರ ಯಾರೆಂದು ವಿವರಿಸಲು ಸಂಭಾಷಣೆ ಬೇಕಿರಲಿಲ್ಲ. ನಟನು ಬಾಗಿಲಲ್ಲಿ ಕಾಣಿಸಿಕೊಂಡರೆ ಸಾಕಿತ್ತು.

ಆ ವ್ಯವಸ್ಥೆಯಲ್ಲಿ ಇಂಕ್ಲಾನ್ ಅವರಿಗೆ ಸಿಕ್ಕ ಸ್ಥಾನವನ್ನು ಗಟ್ಟಿ ಮಾಡಿದ ಚಿತ್ರ ‘ಮರಿಯಾ ಕಾಂದೆಲಾರಿಯಾ’. ಎಮಿಲಿಯೊ ಫೆರ್ನಾಂದೆಸ್ ನಿರ್ದೇಶಿಸಿ ಗಾಬ್ರಿಯೆಲ್ ಫಿಗೆರೋವಾ ಛಾಯಾಗ್ರಹಣ ಮಾಡಿದ ಈ ಚಿತ್ರ 1944ರಲ್ಲಿ ತೆರೆಕಂಡು, 1946ರ ಕಾನ್ ಚಿತ್ರೋತ್ಸವದಲ್ಲಿ ಅತ್ಯುನ್ನತ ಪ್ರಶಸ್ತಿ ಪಡೆದ ಚಿತ್ರಗಳ ಪಟ್ಟಿಯಲ್ಲಿ ಸೇರಿತು. ಕಥೆ ನಡೆಯುವುದು ಮೆಕ್ಸಿಕೊದ ಕ್ರಾಂತಿಗೆ ಒಂದು ವರ್ಷ ಮೊದಲು, 1909ರಲ್ಲಿ, ಕಾಲುವೆಗಳ ನಡುವೆ ಹೂ ಬೆಳೆಯುವ ಸೋಚಿಮಿಲ್ಕೊದಲ್ಲಿ. ದೊಲೋರೆಸ್ ದೆಲ್ ರಿಯೊ ಊರಿನಿಂದ ಹೊರಗಿಡಲ್ಪಟ್ಟ ಹೆಣ್ಣು. ಇಂಕ್ಲಾನ್ ಅಂಗಡಿಯ ಒಡೆಯ ದೋನ್ ದಾಮಿಯಾನ್. ಅವಳ ಮೇಲೆ ಅವನಿಗೆ ಕಣ್ಣು. ಅವಳು ಅವನಿಗೆ ಕೊಡಬೇಕಾದ ಸಾಲ ಪುಡಿಗಾಸಿನದು. ಆ ಪುಡಿಗಾಸನ್ನೇ ಕೊರಳಿನ ಹಗ್ಗವಾಗಿಸಿ, ಮದುವೆಯ ಖರ್ಚಿಗೆಂದು ಅವಳೂ ಅವಳ ಪ್ರಿಯಕರನೂ ಸಾಕಿದ್ದ ಹಂದಿಮರಿಯನ್ನು ಕೊಂದು, ಮಲೇರಿಯಾ ಬಂದಾಗ ಸರಕಾರ ಜನರಿಗೆ ಹಂಚಲೆಂದು ಕೊಟ್ಟ ಕ್ವಿನೈನನ್ನು ಅವಳಿಗೆ ನಿರಾಕರಿಸುತ್ತಾನೆ. ಅವಳ ಪ್ರಿಯಕರ ಆ ಔಷಧಿಯನ್ನೂ ಅದರ ಜೊತೆಗೆ ಮದುವೆಗೊಂದು ಉಡುಪನ್ನೂ ಕದ್ದು ಜೈಲು ಸೇರುತ್ತಾನೆ. ದುರಂತದ ಗಾಲಿ ಅಲ್ಲಿಂದ ಉರುಳುತ್ತದೆ.

ದೋನ್ ದಾಮಿಯಾನ್ ಪಾತ್ರದಲ್ಲಿ ನಾನು ಗಮನಿಸುವುದು ಅವನ ಸಣ್ಣತನವನ್ನು. ಅವನು ಅಟ್ಟಹಾಸ ಮಾಡುವುದಿಲ್ಲ, ಕತ್ತಿ ಹಿರಿಯುವುದಿಲ್ಲ, ಊರಿಗೆ ಬೆಂಕಿಯಿಡುವುದಿಲ್ಲ. ಅಂಗಡಿಯ ಗಲ್ಲೆಯ ಹಿಂದೆ ನಿಂತು ಲೆಕ್ಕ ಹಿಡಿಯುತ್ತಾನೆ. ಫಿಗೆರೋವಾ ಅವರ ಕ್ಯಾಮೆರಾ ನಾಯಕ ನಾಯಕಿಯರನ್ನು ಮೋಡಗಳಿಗೆದುರಾಗಿ, ನೀರಿನ ಹಿನ್ನೆಲೆಯಲ್ಲಿ, ಶಿಲ್ಪಗಳಂತೆ ನಿಲ್ಲಿಸುತ್ತಿದ್ದಾಗ ಇಂಕ್ಲಾನ್ ತಮ್ಮ ದೇಹವನ್ನು ಆದಷ್ಟೂ ನೆಲಮಟ್ಟದ, ಬೆವರಿನ, ವ್ಯವಹಾರದ ದೇಹವನ್ನಾಗಿ ಇಟ್ಟುಕೊಂಡರು. ಆ ಚಿತ್ರದ ಸೌಂದರ್ಯವನ್ನು ಕೊಂಡಾಡುವ ಅನೇಕರು ಈ ಭಾರವನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಅದಿಲ್ಲದಿದ್ದರೆ ಆ ಚಿತ್ರ ಬರೀ ಚಿತ್ರಪಟಗಳ ಸಾಲಾಗಿ ತೇಲಿಹೋಗುತ್ತಿತ್ತು.

ಇನ್ನು ಮೂರು ವರ್ಷಗಳ ಮಾತು. ದೋನ್ ಪಿಲಾರ್‌ನ ಪಾತ್ರವನ್ನು ಮೇಲೆ ಹೇಳಿದೆ. ಇಸ್ಮಾಯೆಲ್ ರೊದ್ರೀಗೆಸ್ ನಿರ್ದೇಶಿಸಿದ ಆ ಚಿತ್ರ ಉಕ್ಕಿ ಹರಿಯುವ ಭಾವುಕತೆಯದು. ಹಾಡು, ಅಳು, ಅನ್ಯಾಯ, ಜೈಲು ಎಲ್ಲವೂ ಅಲ್ಲಿ ತುಂಬಿ ತುಳುಕುತ್ತವೆ. ಆ ಪ್ರವಾಹದಲ್ಲಿ ಇಂಕ್ಲಾನ್ ಮಾಡಿದ ಆಯ್ಕೆ ನನಗೆ ಬಹಳ ಮುಖ್ಯವೆನಿಸುತ್ತದೆ: ದೋನ್ ಪಿಲಾರ್ ಕ್ರೂರಿಯಾಗುವುದು ಭಯದಿಂದ. ಮುದುಕಿಯ ಕಣ್ಣೆದುರು ಅವನು ಮೊದಲು ಕುಗ್ಗುತ್ತಾನೆ, ಆಮೇಲೆ ಕೈಯೆತ್ತುತ್ತಾನೆ. ಅತಿಯಾಗಿ ನಟಿಸಲು ಎಲ್ಲ ಅವಕಾಶವೂ ಇದ್ದ ದೃಶ್ಯ ಅದು, ಅವರು ಅತಿಯಾಗಿ ನಟಿಸಿಯೂ ಇದ್ದಾರೆ. ಆದರೆ ಆ ಅತಿರೇಕದ ತಳದಲ್ಲಿ ಸಾಕ್ಷಿಗೆ ಹೆದರುವ ಮನುಷ್ಯನೊಬ್ಬ ಇರುವುದರಿಂದ ಪ್ರೇಕ್ಷಕನಿಗೆ ಅಸಹ್ಯದ ಜೊತೆಗೆ ಗುರುತು ಹಿಡಿದ ಅನುಭವವೂ ಆಗುತ್ತದೆ.

ಅದೇ 1948ರಲ್ಲಿ ಹಾಲಿವುಡ್ಡಿನ ಪ್ರೇಕ್ಷಕರು ಇದೇ ಮುಖವನ್ನು ಬೇರೊಂದು ವೇಷದಲ್ಲಿ ನೋಡಿದರು. ಜಾನ್ ಫೋರ್ಡ್ ಹಿಂದಿನ ವರ್ಷ ಮೆಕ್ಸಿಕೊದಲ್ಲಿ ಫಿಗೆರೋವಾ ಅವರ ಛಾಯಾಗ್ರಹಣದಲ್ಲಿ ‘ದಿ ಫ್ಯುಜಿಟಿವ್’ ತೆಗೆದಾಗ ಇಂಕ್ಲಾನ್ ಅದರಲ್ಲಿ ಒತ್ತೆಯಾಳಿನ ಚಿಕ್ಕ ಪಾತ್ರವೊಂದನ್ನು ಮಾಡಿದ್ದರು. ಮುಂದೆ ಫೋರ್ಡ್ ‘ಫೋರ್ಟ್ ಅಪಾಚೆ’ಯಲ್ಲಿ ಅಪಾಚೆ ನಾಯಕ ಕೊಚೀಸನ ಪಾತ್ರವನ್ನು ಅವರಿಗೆ ಕೊಟ್ಟರು. ಪಾತ್ರದ ಅವಧಿ ಬಹಳ ಕಡಿಮೆ. ಸಂಧಾನಕ್ಕೆ ಬಂದ ಕೊಚೀಸ್, ತನ್ನ ಜನರನ್ನು ಸುಲಿದ ವ್ಯಾಪಾರಿಯ ವಿರುದ್ಧ ತನ್ನ ದೂರನ್ನು ಹೇಳುತ್ತಾನೆ. ಮೆಕ್ಸಿಕೊದವರೇ ಆದ ಪೆದ್ರೊ ಆರ್ಮೆಂದಾರಿಸ್ ಸೈನ್ಯದ ಸಾರ್ಜೆಂಟ್ ಆಗಿ ಅದನ್ನು ಇಂಗ್ಲಿಷಿಗೆ ತರುತ್ತಾರೆ. ಹೆನ್ರಿ ಫೋಂಡಾ ವಹಿಸಿದ ಕರ್ನಲ್ ಪಾತ್ರ ಅವನನ್ನು ಅವಮಾನಿಸುತ್ತದೆ. ಯುದ್ಧ ಮುಗಿದು ಕರ್ನಲ್ ಮತ್ತು ಅವನ ಪಡೆ ಸತ್ತ ಮೇಲೆ, ಕೊಚೀಸ್ ಕುದುರೆಯ ಮೇಲೆ ಬಂದು ಸೈನ್ಯದ ಬಾವುಟವನ್ನು ಜಾನ್ ವೇಯ್ನ್ ಎದುರು ನೆಲಕ್ಕೆ ನಾಟಿ, ಮಾತಿಲ್ಲದೆ ತಿರುಗಿ ಧೂಳಿನಲ್ಲಿ ಮರೆಯಾಗುತ್ತಾನೆ. ಚಿತ್ರದ ನೈತಿಕ ತೂಕ ಯಾವ ಕಡೆಗಿದೆ ಎಂಬುದು ಆ ಕ್ಷಣದಲ್ಲಿ ನಿಸ್ಸಂದೇಹವಾಗುತ್ತದೆ. ದೋನ್ ಪಿಲಾರ್‌ನ ಕುಗ್ಗಿದ ಹೆಗಲು ಇಲ್ಲಿ ನೆಟ್ಟಗೆ ನಿಂತಿದೆ, ಮುಖ ಅದೇ. ಹಾಲಿವುಡ್ ಇದರಿಂದ ಕಲಿತ ಪಾಠ ಮಾತ್ರ ಸಣ್ಣದು. 1952ರ ‘ಇಂಡಿಯನ್ ಅಪ್‌ರೈಸಿಂಗ್’ ಚಿತ್ರದಲ್ಲಿ ಇಂಕ್ಲಾನ್ ಮತ್ತೊಬ್ಬ ಅಪಾಚೆ ನಾಯಕ ಜೆರೊನಿಮೊ ಆದರು. ಮೆಕ್ಸಿಕೊದಲ್ಲಿ ಖಳನ ಮುದ್ರೆ, ಗಡಿಯ ಆಚೆ ಬುಡಕಟ್ಟು ನಾಯಕನ ಮುದ್ರೆ. ಮುದ್ರೆಯಿಂದ ಬಿಡುಗಡೆ ಎರಡೂ ಕಡೆ ಇರಲಿಲ್ಲ.

‘ಮಕ್ಲೋವಿಯಾ’ ಕೂಡ 1948ರದೇ. ಮಿಚೊಆಕಾನ್ ಪ್ರಾಂತದ ಪಾತ್ಸ್ಕ್ವಾರೊ ಸರೋವರದ ನಡುವಣ ಹಾನಿತ್ಸಿಯೊ ದ್ವೀಪದಲ್ಲಿ ನಡೆಯುವ ಈ ಕಥೆಯಲ್ಲಿ ಮರಿಯಾ ಫೆಲಿಕ್ಸ್ ನಾಯಕಿ, ಇಂಕ್ಲಾನ್ ಅವಳ ತಂದೆ, ಮೀನುಗಾರ ಸಮುದಾಯದ ಹಿರಿಯ ತಾತಾ ಮಕಾರಿಯೊ. (ಆ ಸೀಮೆಯಲ್ಲಿ ತಂದೆಯನ್ನೂ ಹಿರಿಯರನ್ನೂ ಗೌರವದಿಂದ ‘ತಾತಾ’ ಎನ್ನುವುದನ್ನು ಕೇಳಿದಾಗ ಕನ್ನಡದ ಕಿವಿಗೆ ಒಂದು ಕ್ಷಣ ಹಿತವೆನಿಸುತ್ತದೆ.) ಸ್ವಂತ ದೋಣಿಯೂ ಇಲ್ಲದ ಬಡ ಯುವಕನಿಗೆ ಮಗಳನ್ನು ಕೊಡಲು ಒಪ್ಪದೆ, ಅವರಿಬ್ಬರೂ ಮಾತಾಡುವುದನ್ನೇ ನಿಷೇಧಿಸುವ ತಂದೆ ಇವನು. ಯುವಕ ಪತ್ರ ಬರೆಯುವುದಕ್ಕಾಗಿ ಮಕ್ಕಳ ಜೊತೆ ಶಾಲೆಯಲ್ಲಿ ಕುಳಿತು ಅಕ್ಷರ ಕಲಿಯುತ್ತಾನೆ. ಅಂಥ ತಂದೆಯನ್ನು ದ್ವೇಷಿಸುವುದು ಪ್ರೇಕ್ಷಕನಿಗೆ ಸುಲಭವಿತ್ತು, ಅದರಲ್ಲೂ ಆ ಮುಖಕ್ಕೆ. ಹಾಗಾಗದಂತೆ ಇಂಕ್ಲಾನ್ ನೋಡಿಕೊಳ್ಳುತ್ತಾರೆ. ಚಿತ್ರದ ನಿಜವಾದ ದುಷ್ಟತನವನ್ನು ಸೈನ್ಯದ ಸಾರ್ಜೆಂಟನ ಪಾತ್ರದಲ್ಲಿ ಲೋಪೆಸ್ ಮೊಕ್ತೆಸುಮಾ ಹೊತ್ತುಕೊಂಡಿರುವುದರಿಂದ, ತಾತಾ ಮಕಾರಿಯೊನ ಕಠಿಣತೆ ಕಟ್ಟಳೆಯನ್ನು ನಂಬಿದ ಮನುಷ್ಯನ ಕಠಿಣತೆಯಾಗಿಯೇ ಉಳಿಯುತ್ತದೆ.

ಇಷ್ಟಾದ ಮೇಲೆ 1949ರ ‘ಸಲೋನ್ ಮೆಹಿಕೊ’ಕ್ಕೆ ಬರಬೇಕು. ಇಂಕ್ಲಾನ್ ಅವರನ್ನು ಅಳೆಯಲು ಒಂದೇ ಒಂದು ಚಿತ್ರ ನೋಡಲು ಸಾಧ್ಯವೆಂದು ಯಾರಾದರೂ ಹೇಳಿದರೆ ನಾನು ಇದನ್ನೇ ಸೂಚಿಸುತ್ತೇನೆ. ನಿರ್ದೇಶನ ಮತ್ತೆ ಎಮಿಲಿಯೊ ಫೆರ್ನಾಂದೆಸ್ ಅವರದು, ಛಾಯಾಗ್ರಹಣ ಫಿಗೆರೋವಾ ಅವರದು. ಮಾರ್ಗಾ ಲೋಪೆಸ್ ನಟಿಸಿದ ಮೆರ್ಸೆದೆಸ್, ಮೆಕ್ಸಿಕೊ ನಗರದ ನೃತ್ಯಶಾಲೆಯೊಂದರಲ್ಲಿ ಗಿರಾಕಿಗಳ ಜೊತೆ ಕುಣಿದು, ದೇಹ ಮಾರಿ, ಬಂದ ಹಣದಿಂದ ತನ್ನ ತಂಗಿಯನ್ನು ಪ್ರತಿಷ್ಠಿತ ವಸತಿಶಾಲೆಯಲ್ಲಿ ಓದಿಸುತ್ತಿದ್ದಾಳೆ. ಅಕ್ಕನ ಬದುಕು ತಂಗಿಗೆ ತಿಳಿಯದು. ದಾನ್ಸೋನ್ ನೃತ್ಯಸ್ಪರ್ಧೆಯಲ್ಲಿ ಗೆದ್ದ ಹಣವನ್ನು ಜೊತೆಗಾರ ಪಾಕೊ, ಅವಳನ್ನು ದುಡಿಸಿಕೊಳ್ಳುವ ಪುಂಡ, ತಾನೇ ಇಟ್ಟುಕೊಂಡಾಗ ಅವಳು ಅದನ್ನು ಕದ್ದು ಶಾಲೆಗೆ ಕಟ್ಟುತ್ತಾಳೆ. ಈ ಎಲ್ಲವನ್ನೂ ನೋಡುತ್ತಿರುವವನು ಲೂಪೆ ಲೋಪೆಸ್, ಆ ಬೀದಿಯ ಸಾಮಾನ್ಯ ಪೊಲೀಸಿನವನು. ಅದೇ ಇಂಕ್ಲಾನ್ ಅವರ ಪಾತ್ರ.

ಹಿಂದಿನ ವರ್ಷವಷ್ಟೇ ದೋನ್ ಪಿಲಾರ್‌ನನ್ನು ನೋಡಿದ್ದ ಪ್ರೇಕ್ಷಕ, ಸಮವಸ್ತ್ರ ತೊಟ್ಟು ಕತ್ತಲಲ್ಲಿ ಹೆಣ್ಣೊಬ್ಬಳನ್ನು ಹಿಂಬಾಲಿಸುವ ಈ ಮುಖವನ್ನು ನೋಡಿ ಏನನ್ನು ನಿರೀಕ್ಷಿಸಿರಬಹುದು? ಬೆದರಿಸಿ ಹಣ ಕೀಳುವವನನ್ನು, ಇಲ್ಲವೇ ಅದಕ್ಕಿಂತ ಕೀಳಾದವನನ್ನು. ಆ ನಿರೀಕ್ಷೆಯನ್ನು ಚಿತ್ರ ಸ್ವಲ್ಪ ಹೊತ್ತು ಹಾಗೆಯೇ ಕಾಯಿಸುತ್ತದೆ. ಅವಳ ಹಿಂದೆಯೇ ಹೋಗಿ ಶಾಲೆಯ ಗುಟ್ಟನ್ನು ತಿಳಿದುಕೊಂಡ ಮೇಲೆ ಲೂಪೆ ಮಾಡುವುದು ಬೇರೆಯೇ. ಅವನು ಅವಳನ್ನು ಸ್ಪ್ಯಾನಿಷ್‌ನ ‘ಉಸ್ತೆದ್’ ಎಂಬ ಗೌರವದ ಸಂಬೋಧನೆಯಲ್ಲಿ, ಅಂದರೆ ನಾವು ‘ತಾವು’ ಎನ್ನುವಂತೆ, ಮಾತನಾಡಿಸುತ್ತಾನೆ. ಊರೆಲ್ಲ ಏಕವಚನದಲ್ಲಿ ಕರೆಯುವ ಹೆಣ್ಣಿಗೆ ಆ ಒಂದು ಸರ್ವನಾಮ ಎಷ್ಟು ದೊಡ್ಡ ಉಡುಗೊರೆ ಎಂಬುದನ್ನು, ಬಹುವಚನದ ಬೆಲೆ ಗೊತ್ತಿರುವ ಭಾಷೆಯಲ್ಲಿ ಬೆಳೆದ ನಮಗೆ ಬಿಡಿಸಿ ಹೇಳಬೇಕಾಗಿಲ್ಲ. ತಾನು ಹೆಚ್ಚೇನೂ ಇಲ್ಲದ ಪೊಲೀಸಿನವನೆಂದು ಒಪ್ಪಿಕೊಂಡು, ತನ್ನ ಪ್ರೀತಿಯನ್ನೂ ಮದುವೆಯ ಮಾತನ್ನೂ ಅವಳ ಮುಂದಿಡುತ್ತಾನೆ. ಪಾಕೊ ಅವಳನ್ನು ಹೊಡೆದಾಗ ಅವನನ್ನು ಎದುರಿಸಿ ಬಡಿಯುವವನೂ ಇವನೇ.

ಆ ನಿವೇದನೆಯನ್ನು ಇಂಕ್ಲಾನ್ ಹೇಳುವ ರೀತಿಯನ್ನು ಗಮನಿಸಬೇಕು. ಅವರ ದನಿ ಗಡಸು, ಒರಟು. ಮುಖ ಅಗಲವಾದ ಕೆನ್ನೆಯೆಲುಬುಗಳ, ಆಳವಾದ ಗೆರೆಗಳ ಮುಖ. ಪ್ರೇಮ ನಿವೇದನೆಗಾಗಿ ಅವರು ಆ ದನಿಯನ್ನು ಮೃದು ಮಾಡಿಕೊಳ್ಳುವುದಿಲ್ಲ, ಮುಖದ ಗೆರೆಗಳನ್ನು ಸಡಿಲಿಸುವುದಿಲ್ಲ. ಅದೇ ಗಡಸಿನಲ್ಲಿ, ವರದಿ ಒಪ್ಪಿಸುವವನಂತೆ, ತಡೆತಡೆದು ಹೇಳುತ್ತಾರೆ. ಕೇಡಿಗನಿಗೆ ಬಳಸಿದ ಸಾಮಗ್ರಿಯನ್ನೇ ಒಂದಿಷ್ಟೂ ಬದಲಿಸದೆ ಒಳ್ಳೆಯವನಿಗೂ ಬಳಸಿದ್ದು ಅವರ ಕಲೆಯ ಗುಟ್ಟು. ಮುಖ ಕೆಟ್ಟದ್ದಾಗಿರಲಿಲ್ಲ, ಅದನ್ನು ಕೆಟ್ಟದ್ದಕ್ಕೆ ಮಾತ್ರ ಗೊತ್ತುಮಾಡುವುದು ಉದ್ಯಮದ ರೂಢಿಯಾಗಿತ್ತು. ಆ ಮುಖವನ್ನು ದೋನ್ ದಾಮಿಯಾನ್‌ನಿಗೆ ಕೊಟ್ಟ ಫೆರ್ನಾಂದೆಸ್ ಅವರೇ ಅದನ್ನು ತಾತಾ ಮಕಾರಿಯೊನಿಗೂ ಲೂಪೆ ಲೋಪೆಸ್‌ಗೂ ಕೊಟ್ಟರು ಎಂಬುದು ಆ ನಿರ್ದೇಶಕರ ಹಿರಿಮೆ.

1950ರ ‘ಅವೆಂತುರೆರಾ’ವನ್ನು ಬೇಗ ದಾಟಬಹುದು. ಆಲ್ಬೆರ್ತೊ ಗೋಟ್ ನಿರ್ದೇಶಿಸಿ ಕ್ಯೂಬಾ ಮೂಲದ ನಿನೋನ್ ಸೆವಿಯಾ ಕುಣಿದ ಈ ಕ್ಯಾಬರೆ ಚಿತ್ರದಲ್ಲಿ ಇಂಕ್ಲಾನ್ ‘ರೆಂಗೊ’ ಅಂದರೆ ಕುಂಟ. ವೇಶ್ಯಾಗೃಹದ ಒಡತಿಯ ಕೈಯಾಳಾಗಿ ಬರುವ ಅವನು, ನಾಯಕಿ ತೋರಿದ ಕರುಣೆಗೆ ಕರಗಿ ಅವಳ ಕಾವಲಿನ ನೆರಳಾಗುತ್ತಾನೆ. ಹಿಂದಿನ ಎರಡು ವರ್ಷಗಳಲ್ಲಿ ಎರಡು ಚಿತ್ರಗಳಿಗೆ ಹಂಚಿಹೋಗಿದ್ದ ಬೆದರಿಕೆ ಮತ್ತು ರಕ್ಷಣೆ ಇಲ್ಲಿ ಒಂದೇ ಪಾತ್ರದೊಳಗೆ ಸೇರಿವೆ ಎಂಬುದಷ್ಟೇ ನಮ್ಮ ಅಧ್ಯಯನಕ್ಕೆ ಬೇಕಾದ ಅಂಶ.

ಕೊನೆಯದಾಗಿ ‘ಲೊಸ್ ಒಲ್ವಿದಾದೊಸ್’, ಅಂದರೆ ಮರೆಯಲ್ಪಟ್ಟವರು. ಸ್ಪೇನಿನಿಂದ ಹೊರಬಿದ್ದು 1946ರಲ್ಲಿ ಮೆಕ್ಸಿಕೊಗೆ ಬಂದು ನೆಲೆಸಿದ ಲೂಯಿಸ್ ಬುನ್ಯುಯೆಲ್ ಈ ಚಿತ್ರವನ್ನು 1950ರಲ್ಲಿ ತೆಗೆದರು. ಅದೇ ನವೆಂಬರ್ 9ರಂದು ತೆರೆಕಂಡ ಚಿತ್ರ ಮೆಕ್ಸಿಕೊವನ್ನು ಅವಮಾನಿಸಿದೆ ಎಂಬ ಆಕ್ರೋಶದ ನಡುವೆ ಕೆಲವೇ ದಿನಗಳಲ್ಲಿ ಚಿತ್ರಮಂದಿರದಿಂದ ಹೊರಬಿತ್ತು. 1951ರಲ್ಲಿ ಕಾನ್ ಚಿತ್ರೋತ್ಸವ ಬುನ್ಯುಯೆಲ್ ಅವರಿಗೆ ನಿರ್ದೇಶನದ ಪ್ರಶಸ್ತಿ ಕೊಟ್ಟ ಮೇಲೆ ಸ್ವದೇಶದಲ್ಲಿ ಅದರ ಅದೃಷ್ಟ ತಿರುಗಿ, ಆ ದೇಶದ ಹನ್ನೊಂದು ಆರಿಯೆಲ್ ಪ್ರಶಸ್ತಿಗಳನ್ನು ಪಡೆಯಿತು. 2003ರಲ್ಲಿ ಯುನೆಸ್ಕೊ ತನ್ನ ವಿಶ್ವಸ್ಮೃತಿ ದಾಖಲೆಗಳಲ್ಲಿ ಅದನ್ನು ಸೇರಿಸಿಕೊಂಡಿತು.

ಇಂಕ್ಲಾನ್ ಇಲ್ಲಿ ದೋನ್ ಕಾರ್ಮೆಲೊ. ಬೀದಿಯಲ್ಲಿ ಹಲವು ವಾದ್ಯಗಳನ್ನು ಮೈಗೆ ಕಟ್ಟಿಕೊಂಡು ಒಬ್ಬನೇ ನುಡಿಸಿ ಹಾಡಿ ಕಾಸು ಕೂಡಿಸುವ ಕುರುಡ. ಬೀದಿಹುಡುಗರು ಅವನ ಚೀಲವನ್ನು ಕತ್ತರಿಸಲು ನೋಡಿದಾಗ ತುದಿಗೆ ಮೊಳೆ ಹೊಡೆದ ಕೋಲಿನಿಂದ ತಿವಿಯುತ್ತಾನೆ. ಸೇಡಿಗಾಗಿ ಅವರು ಅವನನ್ನು ಖಾಲಿ ಬಯಲಿನಲ್ಲಿ ಅಟ್ಟಿ, ಕಲ್ಲು ತೂರಿ, ಡೋಲನ್ನು ಒಡೆದು ಕೆಸರಿಗೆ ಕೆಡವುತ್ತಾರೆ. ಬಿದ್ದ ಕುರುಡನ ಎದುರಿಗೆ ಒಂದು ಕೋಳಿ ನಿಂತು ನೋಡುತ್ತದೆ. ಅಲ್ಲಿಗೆ ಪ್ರೇಕ್ಷಕನ ಮನಸ್ಸು ಸಂಪೂರ್ಣವಾಗಿ ಅವನ ಪಕ್ಷ. ಬಡವ, ಕುರುಡ, ಮುದುಕ, ಕಲಾವಿದ. ಕರುಣೆಗೆ ಇನ್ನೇನು ಬೇಕು?

ಆಮೇಲೆ ಆ ಕರುಣೆಯ ಒಂದೊಂದೇ ಕಲ್ಲನ್ನು ಕೀಳಲಾಗುತ್ತದೆ. ದೋನ್ ಕಾರ್ಮೆಲೊ 1911ರಲ್ಲಿ ಪದಚ್ಯುತನಾದ ಸರ್ವಾಧಿಕಾರಿ ಪೊರ್ಫಿರಿಯೊ ದಿಯಾಸ್‌ನ ಕಾಲವನ್ನು ನೆನೆದು ಹಂಬಲಿಸುತ್ತಾನೆ. ತಂದೆ ಸಂತೆಯಲ್ಲಿ ಬಿಟ್ಟುಹೋದ ಒಹೀತೊಸ್ ಎಂಬ ಹಳ್ಳಿಯ ಹುಡುಗನಿಗೆ ಆಶ್ರಯ ಕೊಟ್ಟು, ಕಣ್ಣಾಗಿ ದುಡಿಸಿಕೊಂಡು, ಹೊಡೆಯುತ್ತಾನೆ. ಕಾಯಿಲೆಯ ಹೆಂಗಸಿನ ಬೆನ್ನಿಗೆ ಜೀವಂತ ಪಾರಿವಾಳವನ್ನು ಉಜ್ಜಿ ನಾಟಿ ಮದ್ದು ಮಾಡುತ್ತಾನೆ. ಮೆಚೆ ಎಂಬ ಎಳೆಯ ಹುಡುಗಿ ಹಾಲು ತಂದಾಗ ಅವಳ ಮೈಮೇಲೆ ಕೈಹಾಕುತ್ತಾನೆ. ಕುರುಡನೂ ಅವನನ್ನು ನಡೆಸುವ ಹುಡುಗನೂ 16ನೇ ಶತಮಾನದ ಸ್ಪ್ಯಾನಿಷ್ ಗದ್ಯದಿಂದ ಬುನ್ಯುಯೆಲ್ ಅವರಿಗೆ ಬಂದ ಆಸ್ತಿ. ಅದಕ್ಕೆ ಮೆಕ್ಸಿಕೊದ ಕೆಸರನ್ನೂ ಬೆವರನ್ನೂ ಕೊಟ್ಟವರು ಇಂಕ್ಲಾನ್.

ಈ ಪಾತ್ರ ಅವರ ಹಿಂದಿನ ಪಾತ್ರಗಳ ಮೇಲೆ ನಿಂತಿದೆ ಎಂಬುದು ನನ್ನ ವಾದ. ದೋನ್ ಪಿಲಾರ್‌ನನ್ನು ಕಂಡವನು ಈ ಮುಖವನ್ನು ಶಂಕಿಸಲು ಸಿದ್ಧನಿದ್ದ, ಲೂಪೆ ಲೋಪೆಸ್‌ನನ್ನು ಕಂಡವನು ಅದನ್ನು ನಂಬಲು ಸಿದ್ಧನಿದ್ದ; ದೋನ್ ಕಾರ್ಮೆಲೊನನ್ನು ನೋಡುವಾಗ ಇಬ್ಬರೂ ಸರಿ, ಇಬ್ಬರೂ ತಪ್ಪು. ಇನ್ನೊಂದು ಅಂಶ: ದೋನ್ ಪಿಲಾರ್ ಕಣ್ಣುಗಳಿಗೆ ಹೆದರಿದವನು. ದೋನ್ ಕಾರ್ಮೆಲೊ ಯಾರ ಕಣ್ಣನ್ನೂ ಕಾಣಲಾರ. ಅವನಿಗೆ ಆ ಭಯವೂ ಇಲ್ಲ. ಕಣ್ಣುಗಳನ್ನೇ ಕಳೆದುಕೊಂಡ ನಟ ಇಲ್ಲಿ ಕತ್ತು, ಗದ್ದ ಮತ್ತು ಕೈಬೆರಳುಗಳಿಂದ ನಟಿಸುತ್ತಾರೆ. ಹುಡುಗಿಯ ದನಿ ಬಂದ ದಿಕ್ಕಿಗೆ ಗದ್ದ ಏಳುತ್ತದೆ, ಬೆರಳುಗಳು ಗಾಳಿಯಲ್ಲಿ ತಡವುತ್ತವೆ. ಅಷ್ಟರಿಂದಲೇ ಮೈ ಜುಮ್ಮೆನ್ನುತ್ತದೆ.

ಈ ಚಿತ್ರದ ನಂತರ ಅವರಿಗೆ ಉಳಿದದ್ದು ಆರೇ ವರ್ಷ. ಗಡಿಯ ಎರಡೂ ಕಡೆ ಅವರು ಚಿಕ್ಕ ಪಾತ್ರಗಳಲ್ಲಿ ದುಡಿಯುತ್ತಲೇ ಇದ್ದು, 1956ರಲ್ಲಿ ಗಡಿಯೂರಾದ ತಿಹುವಾನಾದಲ್ಲಿ ತೀರಿಕೊಂಡರು. ಅವರ ಸೋದರಿ ಲೂಪೆ ಇಂಕ್ಲಾನ್ ಕೂಡ ಆ ಕಾಲದ ಅನೇಕ ಚಿತ್ರಗಳ ಪೋಷಕ ನಟಿ.

ಬುನ್ಯುಯೆಲ್ ಅವರ ಚಿತ್ರದ ಕೊನೆಗೆ, ದೋನ್ ಕಾರ್ಮೆಲೊ ಕೊಟ್ಟ ಸುಳಿವಿನ ಮೇಲೆ ಬಂದ ಪೊಲೀಸರು ಪುಂಡರ ನಾಯಕ ಹೈಬೊನನ್ನು ಗುಂಡಿಕ್ಕಿ ಕೊಲ್ಲುತ್ತಾರೆ. ಗುಂಡಿನ ಸದ್ದು ಕೇಳಿದ ಕುರುಡ, ಒಬ್ಬ ಕಡಿಮೆಯಾದ ಎಂದು ಹಿಗ್ಗಿ, ಇವರನ್ನೆಲ್ಲ ಹುಟ್ಟುವ ಮೊದಲೇ ಕೊಂದುಬಿಡಬೇಕಿತ್ತು ಎಂದು ಕೂಗುತ್ತಾನೆ. ಈ ಚಿತ್ರಕ್ಕೆ ಸುಖಾಂತದ ಇನ್ನೊಂದು ಮುಕ್ತಾಯವನ್ನೂ ಅಂದು ಚಿತ್ರಿಸಿಡಲಾಗಿತ್ತು. ಅದು ಬೆಳಕಿಗೆ ಬಂದದ್ದು ದಶಕಗಳ ನಂತರ. ಅದರಲ್ಲಿ ಹೈಬೊ ಹುಡುಗ ಪೆದ್ರೊನೊಡನೆಯ ಹೊಡೆದಾಟದಲ್ಲೇ ಬಿದ್ದು ಸಾಯುತ್ತಾನೆ, ಪೆದ್ರೊ, ಹೈಬೊ ತನ್ನಿಂದ ಕಸಿದಿದ್ದ ಹಣವನ್ನು ಮರಳಿ ಪಡೆದು ಸುಧಾರಣಾ ಶಾಲೆಗೆ ಹಿಂದಿರುಗುತ್ತಾನೆ. ಹೈಬೊ ಹಾಗೆ ಸತ್ತರೆ ಪೊಲೀಸರ ಗುಂಡಿಗೆ ಕೆಲಸವಿಲ್ಲ, ಆ ಗುಂಡಿಗೆ ಉತ್ತರವಾಗಿ ಏಳುವ ಕುರುಡನ ಕೂಗಿಗೂ ಎಡೆಯಿಲ್ಲ. ಎರಡನ್ನೂ ಒಂದರ ಹಿಂದೊಂದು ನೋಡಿದಾಗ ನಾನು ಕಾದದ್ದು ಆ ಗಡಸು ದನಿಗಾಗಿ. ಎರಡನೆಯ ಮುಕ್ತಾಯದಲ್ಲಿ ಅದು ಬರಲಿಲ್ಲ.